ಮಗಳಿಗೊಂದು ಪತ್ರ: ಅರವತ್ತು ದಾಟಿದ ಮೇಲೆ ಕಣ್ಣು ತೆರೆದ ನ್ಯಾಯಾಧೀಶರು

ಚಿ. ಸುಮಾಳಿಗೆ ಅಮ್ಮನ ಆಶೀರ್ವಾದಗಳು.

ನೀನು ಸಿವಿಲ್ ಜಡ್ಜ್ ಆಗಿ ಆಯ್ಕೆಯಾದಾಗಿನಿಂದ ಮನೆಗೆ ಬಂದವರೆಲ್ಲ ಒಂದಲ್ಲ ಒಂದು ಬುದ್ಧಿಮಾತು ಹೇಳಿ ಹೋಗಿದ್ದಾರೆ. ನಾನು ಮಾತ್ರ ಸುಮ್ಮನಿದ್ದೆ. ಬೆಂಚ್ ಕ್ಲರ್ಕ್ ಆಗಿ, ಆಮೇಲೆ ಶಿರಸ್ತೇದಾರಳಾಗಿ ಎಷ್ಟೋ ಸಾಹೇಬರ ಕೈಕೆಳಗೆ ದುಡಿದವಳು ನಾನು. ಆದರೂ ಇವತ್ತು ಹೇಳಬೇಕೆನಿಸಿರುವುದು ನಾನು ಕಣ್ಣಲ್ಲೂ ನೋಡದ ಒಬ್ಬ ನ್ಯಾಯಾಧೀಶರ ವಿಷಯ. ನಿವೃತ್ತಿಯಾದ ಮೇಲೆ ಅವರ ಬಗ್ಗೆ ಓದಿದೆ, ಆಗಿನಿಂದ ಅವರು ತಲೆಯಿಂದ ಇಳಿದಿಲ್ಲ.

ಹೆಸರು ಜೂಲಿಯಸ್ ವೇಟೀಸ್ ವೇರಿಂಗ್. ಅಮೆರಿಕದ ದಕ್ಷಿಣ ಕೆರೊಲಿನಾ ರಾಜ್ಯದ ಚಾರ್ಲ್ಸ್‌ಟನ್ ಊರಿನವರು. 1880ರಲ್ಲಿ ಹುಟ್ಟಿದರು. ತಲೆತಲಾಂತರದಿಂದ ಆ ಊರಲ್ಲೇ ಬೇರುಬಿಟ್ಟ ಮನೆತನ. ಗುಲಾಮಗಿರಿ ಉಳಿಸಿಕೊಳ್ಳಲು ಯುದ್ಧಕ್ಕಿಳಿದ ದಕ್ಷಿಣದ ಸೈನ್ಯದಲ್ಲಿ ಅಪ್ಪ ಕಾದಾಡಿದ್ದವರು. ಮಗ ವಕೀಲರಾದರು, ಊರಿನ ಆಡಳಿತಕ್ಕೆ ಕಾನೂನು ಸಲಹೆಗಾರರಾದರು. ಬಿಳಿಯರ ಮೇಲುಗೈಯನ್ನೇ ರಾಜಕೀಯ ಮಾಡಿಕೊಂಡಿದ್ದ ಸೆನೆಟರ್ ಎಲಿಸನ್ ಸ್ಮಿತ್ ಅವರ ಚುನಾವಣೆಗೂ ಓಡಾಡಿದರು. 1942ರಲ್ಲಿ ಫೆಡರಲ್, ಅಂದರೆ ಕೇಂದ್ರದ, ಜಿಲ್ಲಾ ನ್ಯಾಯಾಧೀಶರಾದಾಗ ಅವರಿಗೆ 61 ವರ್ಷ. ಇಂಥ ಮನುಷ್ಯ ಯಾರ ನಿದ್ದೆಯನ್ನಾದರೂ ಕೆಡಿಸಿಯಾರು ಎಂದು ಯಾರೂ ಎಣಿಸಿರಲಿಲ್ಲ.

ಅಲ್ಲಿಯ ಕಾನೂನಿನಂತೆ ಕಪ್ಪು ಮಕ್ಕಳಿಗೂ ಬಿಳಿಯ ಮಕ್ಕಳಿಗೂ ಬೇರೆ ಬೇರೆ ಶಾಲೆ. ಬೇರೆಯಾಗಿಟ್ಟರೂ ಸಮನಾಗಿದ್ದರೆ ತಪ್ಪಿಲ್ಲ ಎಂದು 1896ರಲ್ಲಿ ಸುಪ್ರೀಂ ಕೋರ್ಟೇ ಹೇಳಿಬಿಟ್ಟಿತ್ತು. ಆ ‘ಸಮ’ ಎಂಬುದು ಬರೀ ಕಾಗದದ ಮೇಲೆ. 1944ರಲ್ಲಿ ಕಪ್ಪು ಶಿಕ್ಷಕರು ಸಮಾನ ಸಂಬಳ ಕೇಳಿ ವೇರಿಂಗ್ ಅವರ ಕೋರ್ಟಿಗೆ ಬಂದರು. ಅವರು ಶಿಕ್ಷಕರ ಪರ ಆದೇಶ ಕೊಟ್ಟರು. ಈ ಇಸವಿಯನ್ನು ನೆನಪಿಡು, ಮುಂದೆ ಬೇಕಾಗುತ್ತದೆ.

ಅವರನ್ನು ಬುಡಸಮೇತ ಅಲುಗಿಸಿದ್ದು ಐಸಾಕ್ ವುಡರ್ಡ್ ಪ್ರಕರಣ. 1946ರ ಫೆಬ್ರುವರಿ 12. ಯುದ್ಧ ಮುಗಿಸಿ, ಸೇನೆಯಿಂದ ಆಗಷ್ಟೇ ಬಿಡುಗಡೆಯಾದ ಈ ಕಪ್ಪು ಸಾರ್ಜೆಂಟ್ ಸಮವಸ್ತ್ರದಲ್ಲೇ ಬಸ್ ಹತ್ತಿ ಊರಿಗೆ ಹೊರಟಿದ್ದ. ಶೌಚಕ್ಕೆ ಹೋಗಬೇಕು, ಬಸ್ ನಿಲ್ಲಿಸಿ ಎಂದು ಕೇಳಿದ. ಡ್ರೈವರ್ ಬೈದ, ಇವನೂ ತಿರುಗಿ ಮಾತಾಡಿದ. ಅಷ್ಟಕ್ಕೇ ಬೇಟ್ಸ್‌ಬರ್ಗ್ ಊರಲ್ಲಿ ಪೊಲೀಸರ ಕೈಗೆ ಒಪ್ಪಿಸಿದ. ಅಲ್ಲಿಯ ಪೊಲೀಸ್ ಮುಖ್ಯಸ್ಥ ಲಿನ್‌ವುಡ್ ಶಲ್ ಲಾಠಿಯಿಂದ ಹೊಡೆದು ಅವನ ಎರಡೂ ಕಣ್ಣು ಹಾಳುಮಾಡಿದ.

ನವೆಂಬರಿನಲ್ಲಿ ಶಲ್ ಮೇಲಿನ ವಿಚಾರಣೆ ವೇರಿಂಗ್ ಅವರ ಮುಂದೆಯೇ ನಡೆಯಿತು. ಸರ್ಕಾರಿ ವಕೀಲರು ಕಾಟಾಚಾರಕ್ಕೆ ವಾದ ಮಾಡಿದರು. ಅಪರಾಧಿಯೋ ಅಲ್ಲವೋ ಎಂದು ಹೇಳಬೇಕಾದ ನಾಗರಿಕರ ತಂಡ, ಅಂದರೆ ಜ್ಯೂರಿಯಲ್ಲಿ ಇದ್ದವರೆಲ್ಲ ಬಿಳಿಯರು. ಇವರು ಒಳಗೆ ಹೋಗಿ ಐದೇ ನಿಮಿಷಕ್ಕೆ ‘ನಿರಪರಾಧಿ’ ಎಂದು ಎದ್ದು ಬರುತ್ತಾರೆಂದು ವೇರಿಂಗ್ ಅವರಿಗೆ ಗೊತ್ತಿತ್ತು. ಜಡ್ಜ್ ಪೀಠದಲ್ಲಿಲ್ಲದೆ ತೀರ್ಪು ಹೇಳುವಂತಿಲ್ಲವಲ್ಲ, ಅದಕ್ಕೇ ಅವರು ಎದ್ದು ಹೊರಗೆ ಅಡ್ಡಾಡಲು ಹೊರಟುಬಿಟ್ಟರು. ಸ್ವಲ್ಪ ಹೊತ್ತಾದರೂ ಆ ಹನ್ನೆರಡು ಜನ ಕೂತು ಯೋಚಿಸಿದಂತೆ ಕಾಣಲಿ ಎಂದು. ಅರ್ಧ ಗಂಟೆಯ ಆಸುಪಾಸಿನಲ್ಲಿ ಶಲ್ ಖುಲಾಸೆಯಾದ. ವೇರಿಂಗ್ ಅವರ ಹೆಂಡತಿ ಎಲಿಜಬೆತ್ ಕಣ್ಣೀರು ಹಾಕಿಕೊಂಡು ಕೋರ್ಟಿನಿಂದ ಹೊರನಡೆದರು. ಗಂಡ ಹೆಂಡತಿ ಇಬ್ಬರೂ ತಮ್ಮದೇ ನಾಡಿನ ಜನಾಂಗದ ಪ್ರಶ್ನೆಯನ್ನು ಕುಳಿತು ಓದತೊಡಗಿದ್ದು ಆಮೇಲೆ. ಆರು ದಶಕ ಬಾಳಿದ ಊರನ್ನು ಹೊಸದಾಗಿ ಓದಿ ತಿಳಿಯುವುದೆಂದರೆ ಸಣ್ಣ ಮಾತಲ್ಲ ಸುಮಾ.

ಕೋರ್ಟಿನೊಳಗೆ ಅವರು ಮಾಡಿದ ಬದಲಾವಣೆಗಳು ನನಗೆ ತೀರ್ಪುಗಳಷ್ಟೇ ಮುಖ್ಯ. ಕಪ್ಪು ಜನರಿಗೆ ಬೇರೆ ಬೆಂಚು ಎಂಬುದನ್ನು ತೆಗೆಸಿದರು. ಜ್ಯೂರಿ ಪಟ್ಟಿಯಲ್ಲಿ ಹೆಸರಿನ ಪಕ್ಕ ಜನಾಂಗದ ಗುರುತು ಹಾಕುವುದನ್ನು ನಿಲ್ಲಿಸಿದರು. ಸಾಕ್ಷಿ ಕಟ್ಟೆ ಹತ್ತಿದವರು ಯಾರೇ ಇರಲಿ, ಮರ್ಯಾದೆ ಕೊಟ್ಟು ಮಾತಾಡಿಸಬೇಕು ಎಂದರು. ಹಳ್ಳಿಯಿಂದ ಬಂದ ಕಕ್ಷಿದಾರ ನ್ಯಾಯಾಲಯ ಎಂದರೆ ಏನೆಂದು ತಿಳಿಯುವುದು ತೀರ್ಪಿನ ಪ್ರತಿಯಿಂದಲ್ಲ. ಕೂಗುವವನ ದನಿಯಿಂದ, ಕೂರಲು ಸಿಕ್ಕ ಜಾಗದಿಂದ. ಇದನ್ನು ನಾನು ಸರ್ವಿಸ್ ಉದ್ದಕ್ಕೂ ನೋಡಿದ್ದೇನೆ.

1947ರಲ್ಲಿ ಕಪ್ಪು ಜನರ ಮತದಾನದ ಪ್ರಕರಣ ಬಂತು. ಡೆಮಾಕ್ರಟಿಕ್ ಪಕ್ಷ ಖಾಸಗಿ ಸಂಘ, ಅದರ ಅಭ್ಯರ್ಥಿಯನ್ನು ಆರಿಸುವ ಒಳಚುನಾವಣೆಗೆ ಯಾರನ್ನು ಸೇರಿಸಬೇಕೆಂಬುದು ನಮ್ಮ ಇಷ್ಟ ಎಂದು ರಾಜ್ಯದವರು ವಾದಿಸಿದರು. ಅಲ್ಲಿ ಆ ಒಳಚುನಾವಣೆ ಗೆದ್ದವನೇ ಕೊನೆಗೂ ಗೆಲ್ಲುತ್ತಿದ್ದದ್ದು. ವೇರಿಂಗ್ ಆ ವಾದವನ್ನು ತಳ್ಳಿಹಾಕಿದರು. ದಕ್ಷಿಣ ಕೆರೊಲಿನಾ ಮತ್ತೆ ಅಮೆರಿಕದ ಒಕ್ಕೂಟ ಸೇರುವ ಕಾಲ ಬಂದಿದೆ ಎಂದು ತೀರ್ಪಿನಲ್ಲಿ ಬರೆದರು. ಮರುವರ್ಷ ಸುಮಾರು 35,000 ಕಪ್ಪು ಮತದಾರರು ಮತ ಹಾಕಿದರು. ಆಮೇಲೆ ಊರು ಅವರನ್ನು ಹೊರಗಿಟ್ಟಿತು. ಬೆದರಿಸಲೆಂದು ಮನೆಯ ಬಳಿ ಶಿಲುಬೆ ಸುಟ್ಟರು, ಕಲ್ಲು ತೂರಿದರು. ಗಂಡ ಹೆಂಡತಿ ರಾಜ್ಯ ಬಿಟ್ಟು ಹೋಗುವುದಾದರೆ ಟಿಕೆಟ್ ದುಡ್ಡು ಕೊಡೋಣ ಎಂದು ಶಾಸಕರು ನಿರ್ಣಯವನ್ನೂ ಮಾಡಿದರು.

ಮೊದಲ ಹೆಂಡತಿಗೆ ವಿಚ್ಛೇದನ ಕೊಟ್ಟು 1945ರಲ್ಲಿ ಉತ್ತರದ ಎಲಿಜಬೆತ್‌ರನ್ನು ಮದುವೆಯಾದದ್ದಕ್ಕೆ ಊರು ದೂರ ಮಾಡಿತು, ಆ ಸಿಟ್ಟಿಗೆ ಹೀಗಾಡಿದರು ಎಂದು ಅವರ ಜನ ಆಡಿಕೊಂಡರು. ಶಿಕ್ಷಕರ ಸಂಬಳದ ಆದೇಶ ಬಂದದ್ದು 1944ರಲ್ಲಿ. ಅಂದರೆ ಆ ಮದುವೆಗೂ ಮೊದಲೇ. ಹಾಗಾಗಿ ಆ ಮಾತಿಗೆ ಬುಡವಿಲ್ಲ.

ಕೊನೆಯ ದೊಡ್ಡ ಪ್ರಕರಣ ಕ್ಲಾರೆಂಡನ್ ಕೌಂಟಿಯ ಬಡ ರೈತಾಪಿ ಜನರದು. ಬಿಳಿಯ ಮಕ್ಕಳಿಗೆ 30 ಬಸ್ಸು, ಕಪ್ಪು ಮಕ್ಕಳಿಗೆ ಒಂದೂ ಇಲ್ಲ. ಮೊದಲು ಅವರು ಕೇಳಿದ್ದು ಒಂದೇ ಒಂದು ಬಸ್ಸು. ಅರ್ಜಿಗೆ ಸಹಿ ಹಾಕಿದ್ದಕ್ಕೆ ಹ್ಯಾರಿ ಬ್ರಿಗ್ಸ್ ಪೆಟ್ರೋಲ್ ಬಂಕಿನ ಕೆಲಸ ಕಳೆದುಕೊಂಡ. ಅವನ ಹೆಂಡತಿ ಎಲೈಜಾಳ ಕೆಲಸವೂ ಹೋಯಿತು. ಸಮನಾದ ಸೌಲಭ್ಯ ಕೇಳಿ ಬಂದ ವಕೀಲ ಥರ್ಗುಡ್ ಮಾರ್ಷಲ್ ಅವರಿಗೆ ವೇರಿಂಗ್, ಪ್ರತ್ಯೇಕತೆಯನ್ನೇ ನೇರವಾಗಿ ಪ್ರಶ್ನಿಸಿ ಹೊಸದಾಗಿ ದಾವೆ ಹಾಕಿ ಎಂದರು. ನಿಜ ಹೇಳುತ್ತೇನೆ, ಇದು ನನಗೆ ಪೂರ್ತಿ ಒಪ್ಪಿಗೆಯಾಗಿಲ್ಲ. ಜಡ್ಜ್ ಒಂದು ಕಡೆಯವರಿಗೆ ದಾರಿ ತೋರಿಸಬಾರದು ಎಂದೇ ನಾನು ಬೆಳೆದವಳು. ಆದರೆ ಅವರ ಲೆಕ್ಕ ಸರಿಯಿತ್ತು: ರಾಜ್ಯದ ಕಾನೂನನ್ನೇ ಪ್ರಶ್ನಿಸಿದರೆ ಮೂವರ ಪೀಠ ಕೂರಬೇಕು, ಅಲ್ಲಿಂದ ಮೇಲ್ಮನವಿ ನೇರ ಸುಪ್ರೀಂ ಕೋರ್ಟಿಗೆ. ತಾನು ಸೋಲುತ್ತೇನೆಂದು ಗೊತ್ತಿದ್ದೇ ಆ ಪೀಠದಲ್ಲಿ ಕೂತರು.

1951ರ ಮೇ ತಿಂಗಳಲ್ಲಿ ವಿಚಾರಣೆ. ಕ್ಲಾರೆಂಡನ್‌ನಿಂದ ಬಂದ ಜನ ಕೋರ್ಟಿನಲ್ಲಿ ಕಿಕ್ಕಿರಿದಿದ್ದರು. ಜೂನ್‌ನಲ್ಲಿ ಇಬ್ಬರು ನ್ಯಾಯಾಧೀಶರು ಒಂದು ಕಡೆ, ವೇರಿಂಗ್ ಒಬ್ಬರೇ ಒಂದು ಕಡೆ. ಬೇರೆ ಮಾಡುವುದೆಂದರೇ ಅಸಮಾನತೆ ಎಂದು ಅವರು ತಮ್ಮ ಭಿನ್ನ ತೀರ್ಪಿನಲ್ಲಿ ಬರೆದರು. ಆ ಪ್ರಕರಣ, ಶಾಲೆಗಳ ಪ್ರತ್ಯೇಕತೆಯನ್ನೇ ಪ್ರಶ್ನಿಸಿದ್ದ ಬ್ರೌನ್ ಪ್ರಕರಣದ ಜೊತೆ ಸೇರಿಕೊಂಡಿತು. 1954ರ ಮೇ 17ರಂದು ಸುಪ್ರೀಂ ಕೋರ್ಟ್ ಒಮ್ಮತದಿಂದ ಅದೇ ತೀರ್ಮಾನಕ್ಕೆ ಬಂತು. ಅಷ್ಟರಲ್ಲಿ ಅವರು ನಿವೃತ್ತರಾಗಿ ನ್ಯೂಯಾರ್ಕ್ ಸೇರಿ ಎರಡು ವರ್ಷವಾಗಿತ್ತು.

1968ರಲ್ಲಿ ತೀರಿಕೊಂಡಾಗ ಚಾರ್ಲ್ಸ್‌ಟನ್ನಿಗೇ ತಂದು ಮಣ್ಣು ಮಾಡಿದರು. ನೂರಾರು ಕಪ್ಪು ಜನ ಬಂದಿದ್ದರು. ಬಿಳಿಯರು ಬೆರಳೆಣಿಕೆಯಷ್ಟು. 2015ರಲ್ಲಿ ಅಲ್ಲಿಯ ಫೆಡರಲ್ ನ್ಯಾಯಾಲಯಕ್ಕೆ ವೇರಿಂಗ್ ಅವರ ಹೆಸರಿಟ್ಟರು. ಅದಕ್ಕೆ ಮೊದಲು ಆ ಕಟ್ಟಡಕ್ಕಿದ್ದದ್ದು ಸೆನೆಟರ್ ಹಾಲಿಂಗ್ಸ್ ಹೆಸರು. ತನ್ನ ಹೆಸರು ತೆಗೆದು ಇವರದನ್ನು ಇಡಿ ಎಂದು ಕೇಳಿಕೊಂಡದ್ದು ಸ್ವತಃ ಹಾಲಿಂಗ್ಸ್ ಅವರೇ.

ತರಬೇತಿ ಶುರುವಾದರೆ ನಿನಗೆ ಉಸಿರಾಡಲೂ ಪುರುಸೊತ್ತು ಸಿಗಲಿಕ್ಕಿಲ್ಲ. ಅದಕ್ಕೆ ಮುಂಚೆ ಕ್ಲಾರೆಂಡನ್‌ನ ಬ್ರಿಗ್ಸ್ ಪ್ರಕರಣದ ಆ ಭಿನ್ನ ತೀರ್ಪನ್ನು ಪೂರ್ತಿ ಓದು, ಸಾರಾಂಶ ಬೇಡ. ಓದಿ ಫೋನ್ ಮಾಡು. ಮಾರ್ಷಲ್ ಅವರಿಗೆ ಹಾಗೆ ದಾರಿ ತೋರಿಸಿದ್ದು ಸರಿಯೋ ತಪ್ಪೋ, ನಿನ್ನ ಅಭಿಪ್ರಾಯ ನನಗೆ ಬೇಕು. ನನ್ನ ಹಾಗೇ ಯೋಚಿಸಬೇಕೆಂದೇನಿಲ್ಲ.

ಇಂತಿ,
ನಿನ್ನ ಅಮ್ಮ