ಅಜ್ಜಿಗೂ ಓದಿ ಹೇಳು

ಗಾಲ್ವೇ, ಐರ್ಲೆಂಡ್

ಪ್ರೀತಿಯ ಅಮ್ಮನಿಗೆ ನಮಸ್ಕಾರಗಳು.

ನಾವಿಲ್ಲಿ ಕ್ಷೇಮ. ಮಳೆ ಮಾತ್ರ ಬಿಟ್ಟಿಲ್ಲ. ಈ ಪತ್ರವನ್ನು ಅಜ್ಜಿಗೂ ಓದಿ ಹೇಳು, ಅವರಿಗೆ ಬೇಕಾದ ಸರಕು ಇದರಲ್ಲಿದೆ.

ಮೊನ್ನೆ ಆಫೀಸಿನಲ್ಲಿ ಸಂಬಳದ ಮಾತು ಬಂತು. ಮುಂದಿನ ವರ್ಷ ನೋಡೋಣ ಅಂದರು. ಪಕ್ಕದಲ್ಲಿ ಕೂರುವ ಇಲ್ಲಿನ ಹುಡುಗ ಮೆಲ್ಲಗೆ, "ಬದುಕಿರು ಕುದುರೆ, ಹುಲ್ಲು ಸಿಗುತ್ತೆ" ಅಂದ. ನಗು ತಡೆಯೋಕೆ ಆಗಲಿಲ್ಲ. ಬರೀ ಭರವಸೆ ಕೊಟ್ಟು ಕಾಯಿಸುವವರಿಗೆ ಇಲ್ಲಿ ಹೀಗೆ ಅನ್ನುತ್ತಾರೆ.

ಇನ್ನೊಂದು ಗಾದೆ, "ಬಾಯಿ ಎಷ್ಟೋ ಸಲ ಮೂಗು ಮುರಿಸಿದೆ." ಇದರ ಮುಂದೆ ನಮ್ಮ "ಮಾತು ಬಲ್ಲವನಿಗೆ ಜಗಳವಿಲ್ಲ" ತೀರಾ ಸಾಧು, ಅಲ್ವಾ? ಎಲ್ಮ್ ಮರವನ್ನು ಸೀಳೋದು ಅದೇ ಮರದ ಬೆಣೆ ಅಂತಲೂ ಹೇಳುತ್ತಾರೆ. ಆಸ್ತಿ ಜಗಳ ಬಂದಾಗಲೆಲ್ಲ ಅಜ್ಜಿ "ಕೊಡಲಿ ಕಾವು ಕುಲಕ್ಕೆ ಸಾವು" ಅನ್ನೋದು ಇದನ್ನೇ ತಾನೆ?

ನಂಬಿಕೆಗಳೂ ಕಡಿಮೆಯೇನಿಲ್ಲ. ಒಂಟಿಯಾಗಿ ನಿಂತ ಹಾಥಾರ್ನ್ ಅನ್ನೋ ಮುಳ್ಳುಗಿಡ ಯಕ್ಷಿಣಿಯರದ್ದು, ಅದನ್ನು ಕಡಿಯಬಾರದು. ಪಕ್ಕದ ಕ್ಲೇರ್ ಜಿಲ್ಲೆಯ ಲಾಟೂನ್‌ನಲ್ಲಿ ಅಂಥದ್ದೊಂದು ಗಿಡ ಹೊಸ ರಸ್ತೆಗೆ ಅಡ್ಡ ಬಂದಿತ್ತು. 1999ರಲ್ಲಿ ಕಥೆಗಾರ ಎಡ್ಡಿ ಲೆನಿಹನ್ ಬಹಿರಂಗವಾಗಿ ವಿರೋಧಿಸಿದರು. ಕೊನೆಗೆ ಗಿಡ ಉಳಿಸಿಕೊಂಡೇ ರಸ್ತೆ ಮಾಡಿದರು.

ಆದರೆ ನಾನು ಬರೆಯೋಕೆ ಕೂತದ್ದು ಬೇರೆ ವಿಷಯಕ್ಕೆ. 1937ರಿಂದ 1939ರವರೆಗೆ ಇಲ್ಲಿನ ಸುಮಾರು 5,000 ಪ್ರಾಥಮಿಕ ಶಾಲೆಗಳಲ್ಲಿ ಮಕ್ಕಳಿಗೆ ಒಂದು ಕೆಲಸ ಕೊಟ್ಟಿದ್ದರು. ಮನೆಯ, ಊರಿನ ಹಿರಿಯರನ್ನು ಕೇಳಿ ಗಾದೆ, ಮನೆಮದ್ದು, ಮಳೆಯ ಸೂಚನೆ, ದೆವ್ವದ ಕಥೆ ಎಲ್ಲಾ ಬರೆದು ತರೋದು. ಆ ಪುಟಗಳು ಈಗ ಇಂಟರ್‌ನೆಟ್ಟಿನಲ್ಲಿವೆ. ಮಕ್ಕಳದೇ ಕೈಬರಹ, ಎಷ್ಟೋ ಕಡೆ ಕೆಳಗೆ ಹೇಳಿದವರ ಹೆಸರು, ಊರು. ಬೆಕ್ಕು ಒಲೆಗೆ ಬೆನ್ನು ಹಾಕಿ ಕೂತರೆ ಮಳೆ, ಚಿಮಣಿಯಿಂದ ಮಸಿ ಉದುರಿದರೆ ಮಳೆ. (ಗಾಲ್ವೇಯಲ್ಲಿ ಇದನ್ನು ಬೆಕ್ಕೇ ಬಂದು ಹೇಳಬೇಕಾ?) ರಾತ್ರಿ ಓದೋಕೆ ಕೂತರೆ ಏಳೋಕೇ ಮನಸ್ಸಾಗಲ್ಲ.

ಪುಟ್ಟಿಗೆ ಬೇಸಿಗೆ ರಜೆ ಬಂತಲ್ಲ, ಒಂದು ದಪ್ಪ ನೋಟ್‌ಬುಕ್ ಕೊಡಿಸಿ ಅಜ್ಜಿ ಪಕ್ಕ ಕೂರಿಸು. ಗಾದೆ ಮಾತ್ರ ಸಾಲದು, ಅದನ್ನು ಯಾರ ಮೇಲೆ, ಯಾವಾಗ ಹೇಳಿದ್ದು ಅಂತಲೂ ಬರೆಯಲಿ. ಅಜ್ಜಿ ಹೇಳಿದ ಹಾಗೇ ಬರಲಿ, ಪುಟ್ಟಿ ಶಾಲೆಯ ಕನ್ನಡಕ್ಕೆ ತಿದ್ದೋದು ಬೇಡ. ಬೈಗುಳ ಇರೋದನ್ನು ನೀನೇ ಬರೆದುಕೋ, ಬಿಡಬೇಡ. ವಾರಕ್ಕೆ ನಾಲ್ಕು ಪುಟ ಫೋಟೋ ತೆಗೆದು ವಾಟ್ಸಾಪ್ ಮಾಡಿದರೆ ಸಾಕು.

ಅಪ್ಪ ಬಿಪಿ ಮಾತ್ರೆ ತಪ್ಪಿಸದೆ ತಗೊಳ್ಳಲಿ.

ಇಂತಿ ನಿನ್ನ ಮಗಳು