ಭಾನುವಾರದ ಸಾಕ್ಷ್ಯಚಿತ್ರ: ಬರುವ ಮುನ್ನ ಓದಿ

ಗೆಳೆಯರೆಲ್ಲರಿಗೂ ಶರಣು.

ಈ ಭಾನುವಾರ ಸಂಜೆ 6ಕ್ಕೆ ಕಲಬುರಗಿಯ ನಮ್ಮ ಮನೆಯ ಪಡಸಾಲೆಯಲ್ಲೇ ಸೇರೋಣ. ನೋಡಲಿರುವುದು ಹಿಮಾಚಲ ಪ್ರದೇಶದ ಸ್ಪಿತಿ ಕಣಿವೆಯ ಕಿರು ಸಾಕ್ಷ್ಯಚಿತ್ರ, 22 ನಿಮಿಷದ್ದು. ನಿರೂಪಣೆ ಇಲ್ಲ, ಸಂದರ್ಶನ ಇಲ್ಲ. ಗಾಳಿ, ಯಾಕ್‌ಗಳ ಕೊರಳ ಗಂಟೆ, ಎಲ್ಲೋ ಕಲ್ಲು ಜಾರಿದ ಸದ್ದು. ಒಂದು ಬೋಳು ಬೆಟ್ಟದ ಮೇಲೆ ಮೋಡದ ನೆರಳು ಹಾಯುವುದನ್ನು ಕ್ಯಾಮೆರಾ ಅಲುಗಾಡದೆ ಎರಡು ನಿಮಿಷ ನೋಡುತ್ತದೆ. ಕಥೆ ಯಾವಾಗ ಶುರುವಾಗುತ್ತದೆಂದು ದಯವಿಟ್ಟು ಕಾಯಬೇಡಿ. ಆ ನೆರಳೇ ಕಥೆ.

ಸ್ಪಿತಿ ಶೀತ ಮರುಭೂಮಿ. ಮುಂಗಾರಿನ ಮೋಡಗಳನ್ನು ದಕ್ಷಿಣದ ಪರ್ವತಸಾಲುಗಳೇ ತಡೆದುಬಿಡುತ್ತವೆ. ಚಿತ್ರದ ಲಾಂಗ್ಜಾ ಹಳ್ಳಿ ಇರುವುದು 4,000 ಮೀಟರಿಗೂ ಎತ್ತರದಲ್ಲಿ. ಅಲ್ಲಿ ಅಜ್ಜಿಯೊಬ್ಬಳು ಅಂಗೈಯಲ್ಲಿ ಸುರುಳಿ ಕಲ್ಲೊಂದನ್ನು ತೋರಿಸುತ್ತಾಳೆ. ಅದು ಅಮೋನೈಟ್ ಪಳೆಯುಳಿಕೆ. ಹಿಮಾಲಯ ಮೇಲೇಳುವ ಮೊದಲು ಅಲ್ಲಿದ್ದ ಟೆಥಿಸ್ ಸಮುದ್ರದ ಜೀವಿ. ನೋಡಿ ನನ್ನ ಮೈ ಜುಮ್ಮೆಂದಿತು. ನಮ್ಮ ಪಡಸಾಲೆಗೆ ಹಾಸಿದ ಶಹಾಬಾದ್ ಕಲ್ಲು ಸುಣ್ಣಕಲ್ಲು, ಅದೂ ಸಮುದ್ರದ್ದೇ, ಟೆಥಿಸ್‌ಗಿಂತ ಎಷ್ಟೋ ಹಳೆಯ ಸಮುದ್ರದ ತಳದಲ್ಲಿ ಪದರ ಪದರವಾಗಿ ಕೂತದ್ದು. ಆ ಕಲ್ಲಿನ ಮೇಲೆ ಕುಳಿತೇ ಈ ಕಲ್ಲನ್ನು ನೋಡಲಿದ್ದೇವೆ, ನೆನಪಿರಲಿ.

ಮೊಬೈಲ್‌ಗಳು ಹೊರಗಿನ ಕಟ್ಟೆಯ ಬುಟ್ಟಿಯಲ್ಲಿರಲಿ. ಸದ್ದೇ ಈ ಚಿತ್ರದ ಜೀವವಾದ್ದರಿಂದ ಫ್ಯಾನ್ ಕೂಡ ಆರಿಸುತ್ತೇನೆ. ನಮ್ಮೂರ ಸೆಕೆಯಲ್ಲಿ ಇದು ದೊಡ್ಡ ಬೇಡಿಕೆ ಎಂದು ಗೊತ್ತು, ಆದರೂ 22 ನಿಮಿಷ ಸಹಿಸಿಕೊಳ್ಳಿ. 6:10ಕ್ಕೆ ಬಾಗಿಲು ಹಾಕುತ್ತೇನೆ. ಮಕ್ಕಳನ್ನು ಖಂಡಿತ ಕರೆತನ್ನಿ. ಮುಗಿದ ಮೇಲೆ ಚಹಾ, ಸುಸಲಾ, ಮಿರ್ಚಿ ಇದೆ. ಬರುವವರು ಶನಿವಾರ ರಾತ್ರಿಯೊಳಗೆ ಇಲ್ಲಿಯೇ ತಿಳಿಸಿ.