ಆ ಕಾಲಂ ಖಾಲಿ ಬಿಡಬೇಡಿ

ಮಾನ್ಯ ಸಂಪಾದಕರೇ,

ಗಂಡನಿಂದಲೇ ಆಗುವ ಲೈಂಗಿಕ ಬಲವಂತದ ಬಗ್ಗೆ ಚರ್ಚೆ ಎದ್ದಾಗಲೆಲ್ಲ ಅದು ಒಂದೇ ಪ್ರಶ್ನೆಗೆ ಬಂದು ನಿಲ್ಲುತ್ತದೆ: ಕಾನೂನು ಅದನ್ನು ಅತ್ಯಾಚಾರ ಎನ್ನಬೇಕೋ ಬೇಡವೋ? ಎನ್ನಲೇಬೇಕು ಎಂಬುದು ನಮ್ಮ ನಿಲುವು. ನ್ಯಾಯಮೂರ್ತಿ ವರ್ಮಾ ಸಮಿತಿ 2013ರಲ್ಲೇ ಅತ್ಯಾಚಾರದ ಕಾನೂನಿನಲ್ಲಿ ಗಂಡನಿಗಿರುವ ವಿನಾಯಿತಿಯನ್ನು ತೆಗೆದುಹಾಕಲು ಶಿಫಾರಸು ಮಾಡಿತ್ತು. ಆದರೆ ಆ ಪ್ರಶ್ನೆ ಬಗೆಹರಿಯುವ ತನಕ ಏನೂ ಮಾಡಲಾಗದು ಎಂಬ ಭಾವನೆ ನಮ್ಮ ಆಸ್ಪತ್ರೆ, ಠಾಣೆ, ಸಿಡಿಪಿಒ (ಶಿಶು ಅಭಿವೃದ್ಧಿ ಯೋಜನಾಧಿಕಾರಿ) ಕಚೇರಿಗಳಲ್ಲಿ ಗಟ್ಟಿಯಾಗಿ ಕೂತಿದೆ. ಅದು ತಪ್ಪು. ಈಗಿರುವ ಕಾನೂನಿನಲ್ಲೇ ಅಂಥ ಹೆಣ್ಣುಮಗಳಿಗೆ ಸಿಗಬೇಕಾದ್ದು ಬಹಳಷ್ಟಿದೆ. ಯಾರೂ ಕೇಳುವುದಿಲ್ಲ, ಕೇಳಿದವರೂ ಬರೆಯುವುದಿಲ್ಲ, ಹಾಗಾಗಿ ಸಿಗುತ್ತಿಲ್ಲ.

ಮೊದಲು ಪ್ರಮಾಣ ಎಷ್ಟೆಂದು ನೋಡೋಣ. ಐದನೇ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ ಕರ್ನಾಟಕದಲ್ಲಿ ಮದುವೆಯಾದ, 18ರಿಂದ 49 ವರ್ಷದ ಮಹಿಳೆಯರಲ್ಲಿ ಶೇ 44.4 ಮಂದಿ ಗಂಡನಿಂದ ದೈಹಿಕ ಅಥವಾ ಲೈಂಗಿಕ ಹಿಂಸೆ ಅನುಭವಿಸಿದ್ದಾರೆ. ದೇಶದ ಸರಾಸರಿ ಶೇ 29.3. ಅದರ ಹಿಂದಿನ, 2015–16ರ ಸಮೀಕ್ಷೆಯಲ್ಲಿ ನಮ್ಮ ರಾಜ್ಯದ ಪ್ರಮಾಣ ಶೇ 20.6 ಇತ್ತು. ಈ ಜಿಗಿತಕ್ಕೆ ಲಾಕ್‌ಡೌನ್ ಕಾರಣ ಎಂದು ವೇದಿಕೆಗಳಲ್ಲಿ ಹೇಳುವವರಿದ್ದಾರೆ. ಆದರೆ ಕರ್ನಾಟಕದಲ್ಲಿ ಮನೆಮನೆಯ ಸಮೀಕ್ಷೆ 2019ರ ದ್ವಿತೀಯಾರ್ಧದಲ್ಲೇ, ಕೋವಿಡ್ ಕಾಲಿಡುವ ಮುಂಚೆಯೇ ಮುಗಿದಿತ್ತು. ಹಿಂಸೆಯೇ ಹೆಚ್ಚಿರಬಹುದು, ಹೇಳಿಕೊಳ್ಳುವ ಧೈರ್ಯ ಹೆಚ್ಚಿರಬಹುದು, ಎರಡೂ ಆಗಿರಬಹುದು. ಕೋವಿಡ್ ತಲೆಗೆ ಕಟ್ಟಿ ಕೈತೊಳೆದುಕೊಳ್ಳುವಂತಂತೂ ಇಲ್ಲ.

ಗಂಡನ ಲೈಂಗಿಕ ಹಿಂಸೆಯನ್ನಷ್ಟೇ ಬೇರೆಯಾಗಿ ನೋಡಿದರೆ ದೇಶದಲ್ಲಿ ಅದು ಶೇ 6. ಇಷ್ಟೇ ತಾನೇ ಎನಿಸಬಹುದು. ಸಮೀಕ್ಷೆಯಲ್ಲಿ ಕೇಳುವುದು ಮೂರು ಸಂಗತಿ: ಇಷ್ಟವಿಲ್ಲದಾಗ ಮೈಬಲದಿಂದ ಸಂಭೋಗ ನಡೆಸಿದ್ದಾನೆಯೇ, ಬೇಡವಾದ ಬೇರೆ ಲೈಂಗಿಕ ಕ್ರಿಯೆಗೆ ಮೈಬಲದಿಂದ ಒತ್ತಾಯಿಸಿದ್ದಾನೆಯೇ, ಬೆದರಿಸಿಯೋ ಬೇರೆ ರೀತಿಯಲ್ಲೋ ಅಂಥದ್ದನ್ನು ಮಾಡಿಸಿದ್ದಾನೆಯೇ. ‘ಮದುವೆ ಅಂದಮೇಲೆ ಅದೆಲ್ಲ ಇದ್ದದ್ದೇ’ ಎಂದು ನಂಬಿ ಬೆಳೆದವಳು ಮೂರಕ್ಕೂ ‘ಇಲ್ಲ’ ಎನ್ನುತ್ತಾಳೆ. ಹೀಗಾಗಿ ಈ ಸಂಖ್ಯೆಯನ್ನು ಕನಿಷ್ಠ ಎಂದೇ ಓದಬೇಕು. ಅದೇ ಸಮೀಕ್ಷೆಯಲ್ಲಿ ಲೈಂಗಿಕ ಹಿಂಸೆ ಅನುಭವಿಸಿದ ವಿವಾಹಿತೆಯರಲ್ಲಿ ಶೇ 82 ಮಂದಿ ಹೆಸರಿಸಿದ್ದು ಈಗಿನ ಗಂಡನನ್ನು, ಸುಮಾರು ಶೇ 14 ಮಂದಿ ಹಿಂದಿನ ಗಂಡನನ್ನು. ಕತ್ತಲ ರಸ್ತೆಯ ಅಪರಿಚಿತನ ಬಗ್ಗೆ ನಾವು ಹೆಣ್ಣುಮಕ್ಕಳಿಗೆ ಎಷ್ಟು ಎಚ್ಚರಿಕೆ ಹೇಳುತ್ತೇವೆ! ಇನ್ನು ಯಾವುದೇ ದೈಹಿಕ ಅಥವಾ ಲೈಂಗಿಕ ಹಿಂಸೆ ಅನುಭವಿಸಿದವರಲ್ಲಿ ನೆರವು ಕೇಳಿದವರು ಶೇ 14, ಯಾರ ಬಳಿಯೂ ಬಾಯಿಬಿಡದವರು ಶೇ 77.

ಬಾಯಿಬಿಡದಿದ್ದರೂ ಅವರು ಆಸ್ಪತ್ರೆಗೆ ಬರುತ್ತಾರೆ. ಬೇರೆ ದೂರು ಹೇಳಿಕೊಂಡು ಬರುತ್ತಾರೆ. ಬಿಳಿಸೆರಗು, ಕಿಬ್ಬೊಟ್ಟೆ ನೋವು, ಮೇಲಿಂದ ಮೇಲೆ ಉರಿಮೂತ್ರ, ಸೊಂಟ ನೋವು, ನಿದ್ದೆ ಇಲ್ಲ. ಪರೀಕ್ಷೆಯಲ್ಲಿ ಹೆಚ್ಚೇನೂ ಸಿಗುವುದಿಲ್ಲ, ಐದು ದಿನದ ಮಾತ್ರೆ ಬರೆದುಕೊಟ್ಟು ಕಳಿಸಿದರೆ ಮುಂದಿನ ತಿಂಗಳು ಮತ್ತೆ ಅದೇ ಚೀಟಿ. ಕೂಸಿಗೆ ಎಂಟು ತಿಂಗಳು ತುಂಬುವುದರೊಳಗೆ ಮತ್ತೆ ಗರ್ಭಿಣಿಯಾಗಿ ಬಂದವಳು, ವಂಕಿ (ಕಾಪರ್-ಟಿ) ಹಾಕಿಸಿಕೊಂಡು ಹೋಗಿ ವಾರದಲ್ಲೇ ‘ತೆಗೆದುಬಿಡಿ, ಮನೇಲಿ ಒಪ್ಪುತ್ತಿಲ್ಲ’ ಎನ್ನುವವಳು, ಬಾಣಂತನ ಮುಗಿದರೂ ತವರಿನಿಂದ ಹೊರಡಲು ಹೆದರುವವಳು, ಇವರೆಲ್ಲರನ್ನೂ ಒಂದು ಮಾತು ಹೆಚ್ಚಿಗೆ ಕೇಳಬೇಕು. ಎಲ್ಲ ಮಹಿಳೆಯರನ್ನೂ ಸಾರಾಸಗಟಾಗಿ ಕೇಳಬೇಕೆಂದು ವಿಶ್ವ ಆರೋಗ್ಯ ಸಂಸ್ಥೆಯೂ ಹೇಳುವುದಿಲ್ಲ. ಇಂಥ ಲಕ್ಷಣ ಕಂಡಲ್ಲಿ ಕೇಳಿ ಎನ್ನುತ್ತದೆ.

ಹೇಗೆ ಕೇಳಬೇಕು ಎಂಬುದರಲ್ಲೇ ಅರ್ಧ ಕೆಲಸವಿದೆ. ಅತ್ತೆ ಪಕ್ಕದ ಬೆಂಚಿನಲ್ಲಿ ಕೂತಿದ್ದರೆ, ಗಂಡ ಪರದೆಯಾಚೆ ನಿಂತಿದ್ದರೆ ಕೇಳಲೇಬಾರದು. ಕೇಳಿಸಿಕೊಂಡವರು ಮನೆಗೆ ಹೋದ ಮೇಲೆ ಅವಳನ್ನು ಹಿಡಿದು ವಿಚಾರಿಸುತ್ತಾರೆ. ತೂಕ ನೋಡಬೇಕು, ಮೂತ್ರ ಪರೀಕ್ಷೆ ಮಾಡಬೇಕು ಎಂದು ಒಳಗೆ ಕರೆದುಕೊಂಡರೆ ಎರಡು ನಿಮಿಷ ಸಿಗುತ್ತದೆ. ‘ಲೈಂಗಿಕ ದೌರ್ಜನ್ಯ ಆಗಿದೆಯಾ?’ ಎಂಬ ಪ್ರಶ್ನೆಗೆ ಉತ್ತರ ಬರುವುದಿಲ್ಲ. ‘ನಿಮಗೆ ಬೇಡ ಅನ್ನಿಸಿದಾಗಲೂ ಬಲವಂತ ಮಾಡ್ತಾರಾ? ಹೊಡೀತಾರೆ ಅಂತ ಹೆದರಿ ಸುಮ್ಮನಾಗ್ತೀರಾ?’ ಎಂದು ಕೇಳಿದರೆ ಬರುತ್ತದೆ. ‘ರಾತ್ರಿಯಾದ್ರೆ ಕಾಟ’, ‘ಕುಡಿದು ಬಂದ್ರೆ ಬಿಡೋದೇ ಇಲ್ಲ’ ಎಂಬುದು ಆ ಉತ್ತರ. ಅದನ್ನು ಅವಳ ಮಾತಿನಲ್ಲೇ, ದಿನಾಂಕ ಹಾಕಿ ಆಸ್ಪತ್ರೆಯ ದಾಖಲೆಯಲ್ಲಿ ಬರೆಯಬೇಕು. ಮನೆಗೆ ಒಯ್ಯುವ ಚೀಟಿಯಲ್ಲಿ ಬರೆಯಬಾರದು, ಆ ಚೀಟಿ ಗಂಡನ ಕೈಗೆ ಸಿಗುತ್ತದೆ. ಕುತ್ತಿಗೆ ಹಿಸುಕಿದ್ದನೇ ಎಂದು ತಪ್ಪದೆ ಕೇಳಿ. ಹೊರಗೆ ಗುರುತು ಇಲ್ಲದಿರಬಹುದು. ಆದರೆ ಧ್ವನಿ ಒಡೆದಿರುವುದು, ನುಂಗಲು ಕಷ್ಟ, ಕಣ್ಣಿನ ಬಿಳಿಭಾಗದಲ್ಲಿ ಕೆಂಪು ಚುಕ್ಕೆ ಇದ್ದರೆ ಅವಳನ್ನು ಆ ದಿನ ಮನೆಗೆ ಕಳಿಸುವುದೇ ಅಪಾಯ. ಒಮ್ಮೆ ಕುತ್ತಿಗೆಗೆ ಕೈಹಾಕಿದವನು ಮುಂದೆ ಕೊಲ್ಲುವ ಸಂಭವ ಹಲವು ಪಟ್ಟು ಹೆಚ್ಚು.

ಘಟನೆ ನಡೆದು ದಿನಗಳು ಕಳೆದಿಲ್ಲವಾದರೆ ಗಡಿಯಾರ ನೋಡಿ ಕೆಲಸ ಮಾಡಬೇಕು. ಗರ್ಭ ತಡೆಯಲು ಲೆವೊನಾರ್ಜೆಸ್ಟ್ರೆಲ್ 1.5 ಮಿ.ಗ್ರಾಂ ಒಂದೇ ಮಾತ್ರೆಯನ್ನು 72 ಗಂಟೆಯೊಳಗೆ ಕೊಡಬೇಕು. ತಡವಾದಷ್ಟೂ ಪರಿಣಾಮ ಕುಗ್ಗುತ್ತದೆ. ಆಶಾ ಕಾರ್ಯಕರ್ತೆಯ ಕಿಟ್‌ನಲ್ಲೂ ಈ ಮಾತ್ರೆ ಇರುತ್ತದೆ. ಐದು ದಿನದೊಳಗಾದರೆ ವಂಕಿಯೂ ಕೆಲಸ ಮಾಡುತ್ತದೆ. ಎಚ್‌ಐವಿ ತಡೆ ಔಷಧವನ್ನು 72 ಗಂಟೆಯೊಳಗೆ, ಆದಷ್ಟೂ ಮೊದಲ ಕೆಲವೇ ಗಂಟೆಗಳಲ್ಲಿ ಶುರುಮಾಡಿ 28 ದಿನ ಬಿಡದೆ ತೆಗೆದುಕೊಳ್ಳಬೇಕು. ‘ಗಂಡನೇ ತಾನೇ’ ಎಂದು ಇದನ್ನು ಕೈಬಿಡುವುದು ಸಾಮಾನ್ಯ, ಗಂಡನ ಎಚ್‌ಐವಿ ಸ್ಥಿತಿ ಗೊತ್ತಿಲ್ಲದೆ ಕೈಬಿಡುವುದು ತಪ್ಪು. ಕೇಂದ್ರ ಆರೋಗ್ಯ ಇಲಾಖೆಯ 2014ರ ಮಾರ್ಗಸೂಚಿಯಂತೆ ಸಾಕ್ಷ್ಯಕ್ಕಾಗಿ ಮೈಯಿಂದ ಮಾದರಿ ಸಂಗ್ರಹಿಸಲು 96 ಗಂಟೆಗಳ ಅವಕಾಶವಿದೆ. ಅಂದಿನ ಬಟ್ಟೆಯನ್ನು ತೊಳೆಯದೆ, ನೆರಳಲ್ಲಿ ಒಣಗಿಸಿ, ಕಾಗದದ ಕವರಿನಲ್ಲಿಡಬೇಕು. ಪ್ಲಾಸ್ಟಿಕ್ ಚೀಲದಲ್ಲಿಟ್ಟರೆ ತೇವಕ್ಕೆ ಬೂಸ್ಟು ಹಿಡಿದು ಸಾಕ್ಷ್ಯ ಹಾಳಾಗುತ್ತದೆ. ತಪಾಸಣೆ, ಮಾದರಿ ಸಂಗ್ರಹ, ಪೊಲೀಸರಿಗೆ ತಿಳಿಸುವುದು ಇವು ಮೂರಕ್ಕೂ ಬೇರೆ ಬೇರೆ ಒಪ್ಪಿಗೆ ಕೇಳಬೇಕು. ಪೊಲೀಸ್ ಬೇಡ ಎಂದವಳಿಗೆ ಚಿಕಿತ್ಸೆ ಇಲ್ಲ ಎನ್ನುವಂತಿಲ್ಲ. ‘ಗಾಯವಿಲ್ಲ’ ಎಂದು ಬರೆದು ಅಲ್ಲಿಗೇ ಬಿಡಬೇಡಿ. ಹೆದರಿ ಪ್ರತಿರೋಧ ಬಿಟ್ಟವಳ ಮೈಮೇಲೆ ಗಾಯ ಇರಬೇಕೆಂದೇನಿಲ್ಲ ಎಂಬುದನ್ನೂ ವೈದ್ಯರು ಬರೆಯಬೇಕು.

ಗರ್ಭ ನಿಂತುಬಿಟ್ಟಿದ್ದರೆ ಏನು? ಎಷ್ಟೋ ಆಸ್ಪತ್ರೆಗಳು ಈಗಲೂ ಗಂಡನ ಸಹಿ ಕೇಳುತ್ತವೆ. ವೈದ್ಯಕೀಯ ಗರ್ಭಪಾತ ಕಾಯ್ದೆಯಲ್ಲಿ ಅದು ಎಲ್ಲೂ ಇಲ್ಲ. 18 ತುಂಬಿದ ಮಹಿಳೆಯ ಒಪ್ಪಿಗೆಯೊಂದೇ ಸಾಕು. 20 ವಾರದವರೆಗೆ ಒಬ್ಬ ವೈದ್ಯರ, 20ರಿಂದ 24 ವಾರದವರೆಗೆ ಇಬ್ಬರು ವೈದ್ಯರ ಅಭಿಪ್ರಾಯ ಬೇಕು. 20 ವಾರ ದಾಟಿದ ಮೇಲೆ ಅವಕಾಶವಿರುವ ವರ್ಗಗಳಲ್ಲಿ ಅತ್ಯಾಚಾರ ಸಂತ್ರಸ್ತೆಯರೂ ಸೇರಿದ್ದಾರೆ. 2022ರ ಸೆಪ್ಟೆಂಬರ್ 29ರಂದು ಸುಪ್ರೀಂ ಕೋರ್ಟ್, ಈ ಕಾಯ್ದೆಯ ಮಟ್ಟಿಗೆ ಗಂಡನ ಬಲವಂತವೂ ಅತ್ಯಾಚಾರವೇ, ಅದಕ್ಕೆ ಎಫ್‌ಐಆರ್ ತೋರಿಸಬೇಕಾಗಿಲ್ಲ ಎಂದು ಹೇಳಿದೆ. ನಮ್ಮ ತಾಲ್ಲೂಕು ಆಸ್ಪತ್ರೆಗಳಲ್ಲಿ ಈ ತೀರ್ಪು ಇನ್ನೂ ಸುದ್ದಿಯಾಗಿಯೇ ಉಳಿದಿದೆ, ಆಚರಣೆಗೆ ಬಂದಿಲ್ಲ. ಮುಂದೆ ಗರ್ಭ ಬೇಡ, ಆದರೆ ಗಂಡನಿಗೆ ಗೊತ್ತಾಗಬಾರದು ಎನ್ನುವವರಿಗೆ ಸರ್ಕಾರಿ ಆಸ್ಪತ್ರೆಯಲ್ಲಿ ಉಚಿತವಾಗಿ ಸಿಗುವ, ಮೂರು ತಿಂಗಳಿಗೊಮ್ಮೆ ಕೊಡುವ ‘ಅಂತರಾ’ ಚುಚ್ಚುಮದ್ದು ಒಂದು ದಾರಿ. ಅದರ ಕಾರ್ಡನ್ನು ಎಎನ್‌ಎಂ (ಆರೋಗ್ಯ ಸಹಾಯಕಿ) ತಮ್ಮ ಬಳಿಯೇ ಇಟ್ಟುಕೊಂಡರೆ ಮನೆಯಲ್ಲಿ ಕುರುಹು ಇರುವುದಿಲ್ಲ.

ಇನ್ನು ಸಿಡಿಪಿಒ ಕಚೇರಿ. 2005ರ ಕೌಟುಂಬಿಕ ದೌರ್ಜನ್ಯ ಕಾಯ್ದೆಯಡಿ ನಮ್ಮ ರಾಜ್ಯದಲ್ಲಿ ಸಂರಕ್ಷಣಾಧಿಕಾರಿಯ ಹೊಣೆ ಹೊತ್ತವರು ಶಿಶು ಅಭಿವೃದ್ಧಿ ಯೋಜನಾಧಿಕಾರಿಗಳು. ಅಂಗನವಾಡಿಗಳ ಇಡೀ ಭಾರದ ಮೇಲೆ ಇದೊಂದು. ಈ ಕಾಯ್ದೆಯ 3ನೇ ಸೆಕ್ಷನ್ ಲೈಂಗಿಕ ಹಿಂಸೆಯನ್ನು ಹೆಸರಿಟ್ಟೇ ಸೇರಿಸಿದೆ, ಗಂಡನಿಗೆ ವಿನಾಯಿತಿ ಕೊಟ್ಟಿಲ್ಲ. ದೂರು ಕೇಳಿ ಅವರು ಬರೆಯುವ ಕೌಟುಂಬಿಕ ಘಟನಾ ವರದಿಯ ನಮೂನೆಯಲ್ಲಿ ಲೈಂಗಿಕ ಹಿಂಸೆಗೆ ಪ್ರತ್ಯೇಕ ಭಾಗವೇ (ಕಾಲಂ) ಇದೆ: ಬಲವಂತದ ಸಂಭೋಗ, ಅಶ್ಲೀಲ ಚಿತ್ರ ನೋಡಲು ಒತ್ತಾಯ, ಇತರರ ಮನರಂಜನೆಗೆ ಬಳಸಿಕೊಳ್ಳುವುದು, ಘನತೆ ಕುಂದಿಸುವ ಬೇರೆ ಲೈಂಗಿಕ ಕೃತ್ಯ. ಒಂದೊಂದರ ಎದುರೂ ದಿನಾಂಕ, ಸ್ಥಳ, ಸಮಯ ಬರೆಯಬೇಕು. ಬಹುಪಾಲು ವರದಿಗಳಲ್ಲಿ ‘ಹೊಡೆತ, ಬೈಗುಳ, ವರದಕ್ಷಿಣೆ’ ತುಂಬಿರುತ್ತದೆ, ಈ ಭಾಗ ಖಾಲಿ ಇರುತ್ತದೆ. ಕಾರಣ ಸರಳ. ಕಚೇರಿಯಲ್ಲಿ ಇರುವುದು ಒಂದೇ ಕೋಣೆ, ಎದುರಿಗೆ ಗುಮಾಸ್ತರು, ಪಕ್ಕದಲ್ಲಿ ಅವಳನ್ನು ಕರೆತಂದ ಅಣ್ಣನೋ ಅಪ್ಪನೋ. ಹೀಗಿರುವಾಗ ಆ ಸಾಲುಗಳನ್ನು ಗಟ್ಟಿಯಾಗಿ ಓದುವುದೂ ಕಷ್ಟ, ಉತ್ತರಿಸುವುದಂತೂ ಅಸಾಧ್ಯ. ಅಣ್ಣನನ್ನು ಟೀ ಕುಡಿದು ಬರಲು ಕಳಿಸಿ, ಮಹಿಳಾ ಮೇಲ್ವಿಚಾರಕಿಯೊಬ್ಬರು ಕೂತು ಕೇಳಿದರೆ ಸಾಕು. ಒಂದೇ ಭೇಟಿಯಲ್ಲಿ ಹೇಳದಿದ್ದರೆ ಎರಡನೇ ಭೇಟಿಯಲ್ಲಿ ಪೂರಕ ಹೇಳಿಕೆ ಬರೆದುಕೊಳ್ಳಿ.

ಖಾಲಿ ಬಿಟ್ಟ ಆ ಭಾಗದ ಬೆಲೆಯನ್ನು ಅವಳು ನ್ಯಾಯಾಲಯದಲ್ಲಿ ತೆರುತ್ತಾಳೆ. ‘ಮೊದಲ ವರದಿಯಲ್ಲಿ ಇದನ್ನು ಹೇಳಿಯೇ ಇಲ್ಲವಲ್ಲ, ವಕೀಲರು ಹೇಳಿಕೊಟ್ಟದ್ದು’ ಎಂಬುದು ಪಾಟೀಸವಾಲಿನ ಮೊದಲ ಬಾಣ. ಜೊತೆಗೆ, ಬರೆಯದೇ ಇದ್ದದ್ದಕ್ಕೆ ಪರಿಹಾರವನ್ನೂ ಕೇಳಲಾಗದು. ಬರೆದಿದ್ದರೆ ಕೇಳಬಹುದಾದದ್ದು ಬಹಳ ಉಪಯುಕ್ತ: ಅದೇ ಕಾಯ್ದೆಯ 18ನೇ ಸೆಕ್ಷನ್‌ನಡಿ ರಕ್ಷಣಾ ಆದೇಶ, 19ರಡಿ ಗಂಡನನ್ನೇ ಮನೆಯಿಂದ ಹೊರಗಿರಿಸುವ ಆದೇಶ ಅಥವಾ ಅವಳು ವಾಸಿಸುವ ಭಾಗಕ್ಕೆ ಅವನು ಕಾಲಿಡದಂತೆ ನಿರ್ಬಂಧ. ತವರಿಗೂ ಹೋಗಲಾಗದ, ಮಕ್ಕಳ ಶಾಲೆ ಬಿಡಿಸಲಾಗದ ಹೆಂಗಸಿಗೆ ಒಳಗಿಂದ ಚಿಲಕ ಹಾಕಿಕೊಳ್ಳಬಹುದಾದ ಒಂದು ಕೋಣೆ ಕೋರ್ಟಿನ ಆದೇಶದಿಂದ ಸಿಕ್ಕರೆ ಅದೇ ದೊಡ್ಡದು. ಅರ್ಜಿಯಲ್ಲಿ ಬರೀ ‘ರಕ್ಷಣೆ ಕೊಡಿ’ ಎಂದರೆ ಆದೇಶವೂ ಅಷ್ಟೇ ತೆಳುವಾಗಿ ಬರುತ್ತದೆ. ಯಾವ ಕೋಣೆ, ಯಾವ ಹೊತ್ತು, ಯಾವ ಕೃತ್ಯ ಎಂದು ಬಿಡಿಸಿ ಕೇಳಬೇಕು. 23ರಡಿ ಎದುರು ಪಕ್ಷದ ಗೈರಿನಲ್ಲೂ ಮಧ್ಯಂತರ ಆದೇಶ ಸಾಧ್ಯ. 16ರಡಿ ವಿಚಾರಣೆಯನ್ನು ಮುಚ್ಚಿದ ಕೋಣೆಯಲ್ಲಿ ನಡೆಸಲು ಕೋರಬಹುದು. ಆದೇಶ ಮೀರಿದರೆ ಒಂದು ವರ್ಷದವರೆಗೆ ಸೆರೆ, 20,000 ರೂಪಾಯಿವರೆಗೆ ದಂಡ ಅಥವಾ ಎರಡೂ. ಸಿಡಿಪಿಒ ವರದಿ ಬಂದಿಲ್ಲ ಎಂದು ಕಾಯುವ ಅಗತ್ಯವೂ ಇಲ್ಲ. ನೇರವಾಗಿ ಮ್ಯಾಜಿಸ್ಟ್ರೇಟ್ ನ್ಯಾಯಾಲಯಕ್ಕೆ ಹೋಗಬಹುದೆಂದು 2022ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟ್ ಸ್ಪಷ್ಟಪಡಿಸಿದೆ. ವಕೀಲರಿಗೆ ಹಣವಿಲ್ಲದಿದ್ದರೆ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರವಿದೆ. ಅಲ್ಲಿ ಮಹಿಳೆಯರಿಗೆ ಆದಾಯದ ಮಿತಿಯೇ ಇಲ್ಲ.

ಠಾಣೆಯಲ್ಲಿ ‘ಗಂಡ ಹೆಂಡತಿ ಜಗಳ’ ಎಂದು ಮುಚ್ಚಳಿಕೆ ಬರೆಸಿಕೊಂಡು ಕಳಿಸುವ ಪದ್ಧತಿ ಇದೆಯಲ್ಲ, ಈ ಹಿಂಸೆಯಲ್ಲಿ ಅದು ನೇರ ಅಪಾಯ. ರಾಜಿಯಾಗಿ ಮರಳಿದ ರಾತ್ರಿಯೇ ಅವನು ಸೇಡು ತೀರಿಸಿಕೊಳ್ಳುವುದು ಹಾಸಿಗೆಯಲ್ಲಿ. ಐಪಿಸಿ ಬದಲಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯ 63ನೇ ಸೆಕ್ಷನ್ 18 ದಾಟಿದ ಹೆಂಡತಿಯ ವಿಷಯದಲ್ಲಿ ಗಂಡನಿಗೆ ವಿನಾಯಿತಿ ಕೊಟ್ಟಿರುವುದು ನಿಜ. ಆದರೆ ಕ್ರೌರ್ಯಕ್ಕೆ 85, ಹಲ್ಲೆಗೆ 115 ಮತ್ತು 117, ಬೆದರಿಕೆಗೆ 351, ಕದ್ದು ಚಿತ್ರೀಕರಿಸಿದ ವಿಡಿಯೊಗೆ 77 ಹಾಗೂ ಐಟಿ ಕಾಯ್ದೆಯ 66ಇ ಇವೆ. ಇವುಗಳಲ್ಲಿ ಗಂಡನೆಂಬ ಕಾರಣಕ್ಕೆ ರಿಯಾಯಿತಿ ಇಲ್ಲ. ಬೇರೆ ವಾಸವಿರುವ ಹೆಂಡತಿಯ ಮೇಲೆ ಬಲವಂತ ನಡೆದರೆ 67ರಡಿ ಎರಡರಿಂದ ಏಳು ವರ್ಷ ಶಿಕ್ಷೆ. ಬೇರೆ ವಾಸಕ್ಕೆ ಕೋರ್ಟಿನ ಆದೇಶ ಬೇಕಿಲ್ಲ, ಮುನಿಸಿಕೊಂಡು ತವರು ಸೇರಿದ್ದರೂ ಸಾಕು. ಯಾವಾಗಿನಿಂದ ಬೇರೆ ಇದ್ದಾಳೆ ಎಂಬುದಕ್ಕೆ ಮಕ್ಕಳ ಶಾಲೆಯ ಟಿಸಿ, ಬಾಡಿಗೆ ಕರಾರಿನಂಥ ಕಾಗದ ಜೋಡಿಸಬೇಕು. ಮದುವೆಯಾಗದ ಸಂಗಾತಿಯಾದರೆ ಅತ್ಯಾಚಾರದ ಕಾನೂನು ಪೂರ್ತಿಯಾಗಿ ಅನ್ವಯಿಸುತ್ತದೆ, ‘ಒಟ್ಟಿಗೇ ಇದ್ದಿರಲ್ಲ’ ಎಂಬುದು ದೂರು ತಿರಸ್ಕರಿಸಲು ಕಾರಣವಲ್ಲ. ದೂರಿನಲ್ಲಿ ತಾರೀಖು ನೆನಪಿಲ್ಲದಿದ್ದರೆ ‘ಗೌರಿ ಹಬ್ಬದ ಹಿಂದಿನ ರಾತ್ರಿ’, ‘ಮಗುವಿಗೆ ಮೂರು ತಿಂಗಳಾಗಿದ್ದಾಗ’ ಎಂದು ಬರೆಯಬಹುದು. ಅವನು ಏನು ಮಾಡಿದ, ಏನೆಂದು ಹೆದರಿಸಿದ, ಮರುದಿನ ಯಾರಿಗೆ ಹೇಳಿಕೊಂಡಳು, ಯಾವ ಆಸ್ಪತ್ರೆಗೆ ಹೋದಳು ಎಂಬುದು ಇರಲೇಬೇಕು.

ಕಾನೂನಿನ ದೊಡ್ಡ ತೂತನ್ನು ನಾವು ಮರೆತಿಲ್ಲ. ಹಿಂದೆ ಕೆಲವೊಮ್ಮೆ ಆಸರೆಯಾಗುತ್ತಿದ್ದ, ‘ಅಸ್ವಾಭಾವಿಕ’ ಲೈಂಗಿಕ ಕೃತ್ಯದ ಕುರಿತ ಐಪಿಸಿ 377ಕ್ಕೆ ಹೊಸ ಸಂಹಿತೆಯಲ್ಲಿ ಸಮಾನ ಕಲಮೇ ಇಲ್ಲ. 2025ರ ಫೆಬ್ರುವರಿಯಲ್ಲಿ ಛತ್ತೀಸಗಢ ಹೈಕೋರ್ಟ್, ಗಂಡನ ಕೃತ್ಯದ ಬಳಿಕ ಗುದನಾಳ ಹರಿದು, ಉದರಕ್ಕೆ ಸೋಂಕು ತಗುಲಿ ತೀರಿಕೊಂಡ ಮಹಿಳೆಯೊಬ್ಬರ ಪ್ರಕರಣದಲ್ಲಿ, ಕೆಳ ನ್ಯಾಯಾಲಯ ವಿಧಿಸಿದ್ದ 10 ವರ್ಷದ ಶಿಕ್ಷೆಯನ್ನು ರದ್ದುಮಾಡಿ ಗಂಡನನ್ನು ಬಿಡುಗಡೆ ಮಾಡಿತು. 2022ರ ಮಾರ್ಚ್‌ನಲ್ಲಿ ಗಂಡನ ಮೇಲಿನ ಅತ್ಯಾಚಾರ ಆರೋಪವನ್ನು ಕೈಬಿಡಲು ಒಪ್ಪದೆ ದೇಶದ ಗಮನ ಸೆಳೆದದ್ದು ನಮ್ಮ ಹೈಕೋರ್ಟ್. ಅದೇ ವರ್ಷ ಜುಲೈನಲ್ಲಿ ಅದಕ್ಕೆ ಸುಪ್ರೀಂ ಕೋರ್ಟ್ ತಡೆ ನೀಡಿತು.

ನಿಮ್ಮ ಪತ್ರಿಕೆಯಲ್ಲಿ ಒಂದು ವಿನಂತಿ. ಇಂಥ ಸುದ್ದಿ ಪ್ರಕಟಿಸುವಾಗ ಕೊನೆಯಲ್ಲಿ ಮಹಿಳಾ ಸಹಾಯವಾಣಿ 181, ತುರ್ತು ಕರೆಗೆ 112, ಉಚಿತ ಕಾನೂನು ನೆರವಿಗೆ 15100, ಮಾನಸಿಕ ನೆರವಿಗೆ ಟೆಲಿ ಮನಸ್ 14416 ಸಂಖ್ಯೆಗಳನ್ನು ಹಾಕಿ. ಕರೆ ಮಾಡಿದ ಮೇಲೆ ಮೊಬೈಲಿನ ಕರೆಪಟ್ಟಿಯಿಂದ ಸಂಖ್ಯೆಯನ್ನು ಅಳಿಸಿ, ಆಗದಿದ್ದರೆ ನೆರೆಮನೆಯ ಫೋನ್ ಬಳಸಿ ಎಂದೂ ಒಂದು ಸಾಲು ಸೇರಿಸಿ. ಮತ್ತು ಸಂತ್ರಸ್ತೆಯ ಹೆಸರು ಬದಲಿಸಿ, ಗಂಡನ ಹೆಸರು, ಊರು, ಕೆಲಸ ಮಾಡುವ ಜಾಗವನ್ನು ಮಾತ್ರ ಯಥಾವತ್ತಾಗಿ ಅಚ್ಚು ಹಾಕಬೇಡಿ. ಗಂಡ ಯಾರೆಂದು ತಿಳಿದರೆ ಹೆಂಡತಿ ಯಾರೆಂದು ಇಡೀ ಊರಿಗೆ ತಿಳಿಯುತ್ತದೆ, ಅವಳು ಅದೇ ಊರಿನಲ್ಲಿ ಬಾಳಬೇಕು.

— ಕೌಟುಂಬಿಕ ದೌರ್ಜನ್ಯ ಪ್ರಕರಣಗಳಲ್ಲಿ ಕೆಲಸ ಮಾಡುವ ವೈದ್ಯರು, ವಕೀಲರು ಮತ್ತು ಆಪ್ತ ಸಮಾಲೋಚಕರು, ಬೆಂಗಳೂರು